ಆಷಾಢದ ಗಾಳಿಯ ಊರುಗಳು: ನರಗುಂದ, ರೋಣ, ಗಜೇಂದ್ರಗಡ

ಜೂನ್, ಜುಲೈ ತಿಂಗಳಲ್ಲಿ ಗಜೇಂದ್ರಗಡದ ಕಡೆ ಹೋಗುವವರಿದ್ದೀರಾ? ಹಾಗಾದರೆ ಸೆರಗಿಗೆ ಒಂದಲ್ಲ, ಎರಡು ಪಿನ್ನು ಹಾಕಿಕೊಳ್ಳಿ. ಕೊಡೆಯನ್ನು ಮನೆಯಲ್ಲೇ ಬಿಡಿ. ಮಳೆಗಾಲದಲ್ಲಿ ಕೊಡೆ ಬಿಟ್ಟು ಹೋಗಿ ಎನ್ನುತ್ತಾಳಲ್ಲ ಈಕೆ ಎಂದು ನಗಬೇಡಿ. ಬಸ್ಸಿನಿಂದ ಇಳಿದು ಕೊಡೆ ಬಿಚ್ಚಿದ ಮರುಗಳಿಗೆಯೇ ಅದು ತಲೆಕೆಳಗಾಗಿ, ಕಡ್ಡಿಗಳೆಲ್ಲ ಆಕಾಶ ನೋಡುತ್ತವೆ. ಅಲ್ಲಿ ಬೇಕಾಗುವುದು ತಲೆಗೂ ಕಿವಿಗೂ ಸುತ್ತಿಕೊಳ್ಳಲು ಒಂದು ಹತ್ತಿಯ ಬಟ್ಟೆ. ಮಕ್ಕಳು ಜೊತೆಗಿದ್ದರೆ ದೂಳು ಬಿದ್ದ ಕಣ್ಣನ್ನು ಉಜ್ಜಿಕೊಳ್ಳದಂತೆ ನೋಡಿಕೊಳ್ಳಿ, ತಣ್ಣೀರಿನಲ್ಲಿ ತೊಳೆದರೆ ಸಾಕು.

ಈ ಮೂರೂ ಊರುಗಳು ಇಂದು ಗದಗ ಜಿಲ್ಲೆಯಲ್ಲಿವೆ. 1997ರವರೆಗೆ ಇವು ಹಳೆಯ ಧಾರವಾಡ ಜಿಲ್ಲೆಗೆ ಸೇರಿದ್ದವು. ನಿಮ್ಮ ಮಕ್ಕಳ ಶಾಲೆಯ ನಕಾಶೆ ತೆಗೆದು, ಅದರ ಮೇಲೆ ಅಡ್ಡವಾಗಿ ಒಂದು ಅಳತೆಪಟ್ಟಿ ಇಟ್ಟು ನೋಡಿ. ಪಶ್ಚಿಮದಲ್ಲಿ, ಖಾನಾಪುರ ತಾಲ್ಲೂಕಿನ ಘಟ್ಟದ ಮೇಲಿರುವ ಕಣಕುಂಬಿ, ಅಲ್ಲಿಂದ ನೇರ ಪೂರ್ವಕ್ಕೆ ನೂರಿಪ್ಪತ್ತು ಕಿಲೋಮೀಟರಿನ ಆಸುಪಾಸಿಗೆ ನರಗುಂದ, ಮುಂದೆ ರೋಣ, ಅದರಾಚೆ ಗಜೇಂದ್ರಗಡ. ನಾಲ್ಕೂ ಹೆಚ್ಚುಕಡಿಮೆ ಒಂದೇ ಗೆರೆಯ ಮೇಲೆ ಬರುತ್ತವೆ. ಈ ಗೆರೆಯನ್ನು ನೆನಪಿಟ್ಟುಕೊಳ್ಳಿ. ಈ ಊರುಗಳ ಒಲೆ, ಬಾವಿ, ಹೊಲ, ಜಗಳ ಎಲ್ಲವೂ ಈ ಗೆರೆಗೆ ಕಟ್ಟುಬಿದ್ದಿವೆ.

ಮೇ ತಿಂಗಳ ಕೊನೆಗೆ ಗಾಳಿ ಶುರು. ಮೃಗಶಿರಾ, ಅವರ ಬಾಯಲ್ಲಿ ‘ಮಿರಗ’, ಹೂಡುವ ಹೊತ್ತಿಗೆ ಅದು ಹದಕ್ಕೆ ಬರುತ್ತದೆ. ಆಮೇಲೆ ಆರಿದ್ರಾ, ಪುನರ್ವಸು, ಪುಷ್ಯ ಎಂದು ಮಳೆಗಳ ಹೆಸರು ಬದಲಾಗುತ್ತವೆಯೇ ಹೊರತು ಗಾಳಿ ಬದಲಾಗುವುದಿಲ್ಲ. ಬೆಳಗಾಗೆದ್ದರೆ ಗಾಳಿ, ರೊಟ್ಟಿ ಬಡಿಯುವಾಗ ಗಾಳಿ, ರಾತ್ರಿ ಹಾಸಿಗೆ ಸೇರಿದರೂ ಬಾಗಿಲ ಸಂದಿಯಲ್ಲಿ ಯಾರೋ ಸಿಳ್ಳು ಹಾಕಿದ ಹಾಗೆ ಅದೇ ಗಾಳಿ. ಆಗಸ್ಟ್ ಮುಗಿಯುವವರೆಗೆ ಹೀಗೆಯೇ. ಅಲ್ಲಿಯ ಹೆಂಗಸರಿಗೆ ಇದರ ಲೆಕ್ಕ ಚೆನ್ನಾಗಿ ಗೊತ್ತು. ಹಪ್ಪಳ, ಸಂಡಿಗೆ, ಶಾವಿಗೆ ಏನಿದ್ದರೂ ಏಪ್ರಿಲ್, ಮೇ ತಿಂಗಳಲ್ಲೇ ಮುಗಿಸಿ ಡಬ್ಬಿ ತುಂಬಿರುತ್ತಾರೆ. ಆಷಾಢದಲ್ಲಿ ಮಾಳಿಗೆಯ ಮೇಲೆ ಶಾವಿಗೆ ಹಾಕಿದರೆ ಅದನ್ನು ಮೂರನೆಯ ಮನೆಯಲ್ಲಿ ಹುಡುಕಬೇಕಾಗುತ್ತದೆ! ಒಗೆದ ಸೀರೆಯನ್ನು ಹಗ್ಗದ ಮೇಲೆ ಹರವುವುದಿಲ್ಲ, ಗಂಟು ಹಾಕಿ ಕಟ್ಟುತ್ತಾರೆ. ಅರ್ಧ ಗಂಟೆಯಲ್ಲಿ ಒಣಗುತ್ತದೆ, ಆದರೆ ಕೆಂಪು ಸೀರೆಗೆ ಕರಿಮಣ್ಣಿನ ಬಣ್ಣ ಬಂದಿರುತ್ತದೆ. ಹಿಟ್ಟಿನ ಡಬ್ಬಿಯ ಮುಚ್ಚಳ ತೆರೆದಿಟ್ಟ ಸೊಸೆಗೆ ಬೈಗುಳ ತಪ್ಪಿದ್ದಲ್ಲ.

ಹಳೆಯ ಮನೆಗಳನ್ನು ನೋಡಿದರೂ ಗಾಳಿಯ ಗುರುತು ಸಿಗುತ್ತದೆ. ಮಲೆನಾಡಿನ ಹಾಗೆ ಇಳಿಜಾರಿನ ಹೆಂಚಿನ ಮಾಡು ಇಲ್ಲಿಲ್ಲ. ದಪ್ಪ ಮಣ್ಣಿನ ಗೋಡೆ, ಮೇಲೆ ಸಮತಟ್ಟಾದ ಮೇಲ್ಮುದ್ದೆ, ನಡುವೆ ಬೆಳಕು ಬೀಳಲು ಒಂದು ಬೆಳಕಿಂಡಿ, ಅಷ್ಟೇ. ಕಿಟಕಿಗಳು ಚಿಕ್ಕವು, ಕೆಲವು ಮನೆಗಳಲ್ಲಿ ಇಲ್ಲವೇ ಇಲ್ಲ. ಒಳಗೆ ಕತ್ತಲೆ ಎಂದು ನಾವು ಮೂಗು ಮುರಿಯುತ್ತೇವೆ. ಒಂದು ಆಷಾಢ ಅಲ್ಲಿ ಕಳೆದು ನೋಡಿ, ಆ ಕತ್ತಲೆಯೇ ಎಷ್ಟು ಹಿತ ಎಂದು ತಿಳಿಯುತ್ತದೆ. ಪಂಚಮಿ ಹಬ್ಬಕ್ಕೆ ಮಾತ್ರ ಗಾಳಿಯೂ ನೆಂಟನೇ. ಬೇವಿನ ಮರಕ್ಕೆ ಜೋಕಾಲಿ ಕಟ್ಟಿದರೆ ತೂಗುವವರು ಬೇಕಿಲ್ಲ.

ನಿಲ್ಲದ ಬಿರುಗಾಳಿ ಎಂದರೆ ನಮ್ಮ ಮಕ್ಕಳಿಗೆ ಮಾಂತ್ರಿಕರ ಕಥೆ ನೆನಪಾಗುತ್ತದೆ. ಏಳು ಸಮುದ್ರದಾಚೆ ಒಂದು ರಾಜ್ಯ, ಅಲ್ಲಿ ಸದಾ ಗುಡುಗು, ಸಿಡಿಲು, ಯಾರೂ ಒಳಗೆ ಹೋಗುವ ಹಾಗಿಲ್ಲ. ಅಂಥದ್ದು ನಿಜವಾಗಿಯೂ ಇದೆ ಎಂದರೆ ನಂಬುತ್ತೀರಾ? ದಕ್ಷಿಣ ಅಮೆರಿಕದ ವೆನೆಜುವೆಲಾ ದೇಶದಲ್ಲಿ ಮರಕಾಯ್ಬೊ ಎಂಬ ದೊಡ್ಡ ಸರೋವರವಿದೆ. ಕಟಟುಂಬೊ ಎಂಬ ನದಿ ಅದನ್ನು ಸೇರುವ ಕಡೆ, ವರ್ಷದ ಹೆಚ್ಚಿನ ರಾತ್ರಿಗಳಲ್ಲಿ ಮಿಂಚು ಹೊಡೆಯುತ್ತದೆ. ಉಪಗ್ರಹದ ಲೆಕ್ಕ ಹಿಡಿದು 2016ರಲ್ಲಿ ವಿಜ್ಞಾನಿಗಳು ಹೇಳಿದ ಪ್ರಕಾರ ಸರಾಸರಿ 297 ದಿನ ಅಲ್ಲಿ ಸಿಡಿಲುಮಳೆ. ಭೂಮಿಯ ಮೇಲೆ ಅತಿ ಹೆಚ್ಚು ಮಿಂಚು ಬೀಳುವ ಜಾಗ ಅದೇ. ಹಿಂದಿನ ನಾವಿಕರು ಅದನ್ನೇ ದೀಪಸ್ತಂಭದಂತೆ ದಾರಿ ತೋರಲು ನಂಬಿದ್ದರಂತೆ. ಮಂತ್ರವೇನೂ ಇಲ್ಲ. ಸರೋವರದ ಮೂರು ಕಡೆ ಎತ್ತರದ ಬೆಟ್ಟ. ಸಮುದ್ರದಿಂದ ಬಂದ ಬಿಸಿ, ಒದ್ದೆ ಗಾಳಿ ಆ ಮೂಲೆಯಲ್ಲಿ ಸಿಕ್ಕಿಕೊಳ್ಳುತ್ತದೆ. ರಾತ್ರಿ ಬೆಟ್ಟದಿಂದ ತಣ್ಣನೆಯ ಗಾಳಿ ಇಳಿದು ಅದನ್ನು ಮೇಲಕ್ಕೆ ನೂಕುತ್ತದೆ, ಮೋಡ ಕಟ್ಟುತ್ತದೆ. 2010ರ ಮೊದಲ ತಿಂಗಳುಗಳಲ್ಲಿ ಭಾರೀ ಬರ ಬಂದಾಗ ಆ ಮಿಂಚೂ ಕೆಲವು ವಾರ ನಿಂತುಹೋಗಿತ್ತು.

ಅಲ್ಲಿ ಬೆಟ್ಟ ಮೋಡವನ್ನು ಹಿಡಿದಿಡುತ್ತದೆ. ನಮ್ಮಲ್ಲಿ ಬೆಟ್ಟ ಮೋಡವನ್ನು ಹಿಂಡಿ ಕಳಿಸುತ್ತದೆ. ವ್ಯತ್ಯಾಸ ಇಷ್ಟೇ, ಆದರೆ ಈ ಇಷ್ಟರಲ್ಲೇ ನರಗುಂದ, ರೋಣಗಳ ಹಣೆಬರಹವೆಲ್ಲ ಇದೆ.

ಹ್ಯಾಗೆ ಅಂತ ಹೇಳುತ್ತೇನೆ ಕೇಳಿ. ಬೇಸಿಗೆಯಲ್ಲಿ ಉತ್ತರ ಹಿಂದೂಸ್ಥಾನದ ನೆಲ ಕಾದ ಹಂಚಿನಂತಾಗುತ್ತದೆ. ಅಲ್ಲಿಯ ಗಾಳಿ ಹಗುರಾಗಿ ಮೇಲೇರುತ್ತದೆ, ಖಾಲಿಯಾದ ಜಾಗಕ್ಕೆ ಸಮುದ್ರದ ಗಾಳಿ ನುಗ್ಗುತ್ತದೆ. ಆಫ್ರಿಕಾದ ಕೀನ್ಯಾ, ಸೊಮಾಲಿಯಾ ಕರಾವಳಿಯನ್ನು ಬಳಸಿಕೊಂಡು ಅರಬ್ಬೀ ಸಮುದ್ರದ ಮೇಲಿಂದ ಬರುವ ಈ ಗಾಳಿಗೆ ಒಂದು ನದಿಯಂತೆ ಸೆಳೆತವಿದೆ. ನೆಲದಿಂದ ಸುಮಾರು ಒಂದೂವರೆ ಕಿಲೋಮೀಟರ್ ಎತ್ತರದಲ್ಲಿ ಅದರ ರಭಸ ಹೆಚ್ಚು. ಫಿಂಡ್‌ಲೇಟರ್ ಎಂಬ ವಿಜ್ಞಾನಿ 1969ರಲ್ಲಿ ಇದರ ದಾರಿಯನ್ನು ವಿವರಿಸಿದ್ದರಿಂದ ಪುಸ್ತಕಗಳಲ್ಲಿ ಅವರ ಹೆಸರೇ ಇದಕ್ಕಿದೆ. ಈ ಗಾಳಿ ಸಮುದ್ರದ ನೀರನ್ನು ಹೀರಿಕೊಂಡು ಒದ್ದೆ ಬಟ್ಟೆಯ ಹಾಗೆ ಬರುತ್ತದೆ. ಸಹ್ಯಾದ್ರಿಗೆ ಬಡಿದು ಮೇಲೇರುವಾಗ ತಣ್ಣಗಾಗಿ ಹಿಂಡಿಹೋಗುತ್ತದೆ. ಆಗುಂಬೆಯಲ್ಲಿ ವರ್ಷಕ್ಕೆ ಏಳು ಸಾವಿರ ಮಿಲಿಮೀಟರಿಗೂ ಮಿಕ್ಕಿ ಮಳೆ. ಕಣಕುಂಬಿಯ ಸೀಮೆಯೂ ಅಂಥದ್ದೇ ಸುರಿಮಳೆಯ ಸೀಮೆ. ಘಟ್ಟ ದಾಟಿ ಈಚೆ ಇಳಿಯುವ ಹೊತ್ತಿಗೆ ಬಟ್ಟೆಯಲ್ಲಿ ನೀರಿಲ್ಲ, ಬೀಸುವ ಜೋರು ಮಾತ್ರ ಉಳಿದಿದೆ. ಮುಂದೆ ಅಡ್ಡ ಬರಲು ಕಾಡೂ ಇಲ್ಲ, ಬೆಟ್ಟವೂ ಇಲ್ಲ. ಕಣ್ಣು ಹಾಯುವವರೆಗೆ ಎರೆಯ ಬಯಲು. ಈ ಮೂರು ಊರುಗಳ ಕಡೆ ವರ್ಷಕ್ಕೆ ಆರುನೂರು ಮಿಲಿಮೀಟರಿನ ಆಸುಪಾಸು ಮಳೆಯಾದರೆ ಹೆಚ್ಚು.

ಅದಕ್ಕೇ ಜುಲೈಯಲ್ಲಿ ಅಲ್ಲಿ ನಿಂತು ಆಕಾಶ ನೋಡಿದರೆ ಹೊಟ್ಟೆ ಉರಿಯುತ್ತದೆ. ಮೋಡಗಳಿಗೇನೂ ಕಡಿಮೆಯಿಲ್ಲ. ಜಾತ್ರೆಗೆ ಹೊರಟ ಬಂಡಿಗಳಂತೆ ಸಾಲುಸಾಲಾಗಿ ತಲೆಯ ಮೇಲೇ ಪೂರ್ವಕ್ಕೆ ಓಡುತ್ತವೆ. ನಾಲ್ಕು ಹನಿ ಚೆಲ್ಲಿದಂತೆ ಮಾಡಿ ಹೋಗುತ್ತವೆ. “ನೋಡವ್ವಾ, ನಮ್ಮ ಮನಿ ಮುಂದ ಹಾದು ಹೋಗತಾವು, ಒಳಗ ಬರ್ರಿ ಅಂದ್ರ ಬರೂದಿಲ್ಲ” ಎಂದಳು ರೋಣದ ಹಾದಿಯಲ್ಲಿ ಕೊಡ ಹೊತ್ತು ನಿಂತಿದ್ದ ಒಬ್ಬ ಮುದುಕಿ. ಹೆಸರು ಬೆಳೆಗೆ ಸಾಲುವಷ್ಟು ಮುಂಗಾರು ಕೆಲವು ವರ್ಷ ಸಿಗುತ್ತದೆ. ಸಿಗದ ವರ್ಷ ಬಿತ್ತಿದ ಬೀಜವೂ ಹೋಯಿತು.

ಹುಬ್ಬಳ್ಳಿಯಿಂದ ವಿಜಯಪುರದ ಹೆದ್ದಾರಿ ಹಿಡಿದರೆ ನವಲಗುಂದ ದಾಟಿದ ಮೇಲೆ ನರಗುಂದ. ಬಯಲ ನಡುವೆ ಒಂಟಿಯಾಗಿ ಎದ್ದ ಗುಡ್ಡ ದೂರದಿಂದಲೇ ಕಾಣುತ್ತದೆ. ಅದರ ಮೇಲಿನ ಕೋಟೆ ಈಗ ಪಾಳು, ಆದರೆ ಊರಿನ ಜನಕ್ಕೆ ಬಾಬಾಸಾಹೇಬ ಭಾವೆಯವರ ನೆನಪು ಹಸಿರು. 1858ರಲ್ಲಿ ಇಂಗ್ಲಿಷರ ವಿರುದ್ಧ ಎದ್ದು, ಸಿಕ್ಕಿಬಿದ್ದು, ಜೂನ್ 12ರಂದು ಬೆಳಗಾವಿಯಲ್ಲಿ ಗಲ್ಲಿಗೇರಿದ ಸಂಸ್ಥಾನಿಕರು ಅವರು. ಅವರ ತಾಯಿಯೂ ಹೆಂಡತಿಯೂ ಮಲಪ್ರಭೆಯ ಪಾಲಾದರು ಎಂದು ಹೇಳುವಾಗ ಇಲ್ಲಿಯ ಹೆಂಗಸರ ದನಿ ಇಂದಿಗೂ ಇಳಿಯುತ್ತದೆ.

ಮಲಪ್ರಭೆಯ ಹೆಸರು ಬಂತಲ್ಲ, ಆಕೆ ಹುಟ್ಟುವುದು ಎಲ್ಲಿ ಗೊತ್ತೇ? ಅದೇ ಕಣಕುಂಬಿಯಲ್ಲಿ. ಗಾಳಿ ಘಟ್ಟದ ಮೇಲೆ ಚೆಲ್ಲಿ ಬಂದ ನೀರಲ್ಲಿ ಒಂದು ಪಾಲನ್ನು ಆಕೆ ಪೂರ್ವಕ್ಕೆ ಹೊತ್ತು ತರುತ್ತಾಳೆ. ಮಿಕ್ಕಿದ್ದೆಲ್ಲ ಮಹದಾಯಿಯ ಹಳ್ಳಗಳಲ್ಲಿ ಸೇರಿ ಪಶ್ಚಿಮಕ್ಕೆ, ಗೋವೆಯ ಸಮುದ್ರಕ್ಕೆ ಹೋಗುತ್ತದೆ. ಸವದತ್ತಿಯ ನವಿಲುತೀರ್ಥದಲ್ಲಿ ಅಣೆಕಟ್ಟು ಕಟ್ಟಿ ಕಾಲುವೆ ತೆಗೆದಾಗ ಈ ಬಯಲಿನ ಜನ ಇನ್ನು ಗಾಳಿಯ ಹಂಗು ತಪ್ಪಿತು ಅಂದುಕೊಂಡರು. ಆದರೆ ಕಾಲುವೆಯ ನೀರು ಹೊಲಕ್ಕೆ ಸರಿಯಾಗಿ ಬರುವ ಮೊದಲೇ ಅಭಿವೃದ್ಧಿ ಕರದ ನೋಟೀಸು ಬಂತು. 1980ರ ಜುಲೈ 21ರಂದು, ಇದೇ ಗಾಳಿಯ ತಿಂಗಳಲ್ಲಿ, ನರಗುಂದದಲ್ಲಿ ರೈತರು ಸಿಡಿದೆದ್ದರು. ಗೋಲಿಬಾರು ಆಯಿತು, ಎರಡೂ ಕಡೆ ಜೀವಗಳು ಹೋದವು. ಕರ್ನಾಟಕದ ರೈತ ಚಳವಳಿ ದೊಡ್ಡದಾಗಿ ಬೆಳೆದದ್ದು ಅಲ್ಲಿಂದಲೇ. 2015ರ ಜುಲೈಯಲ್ಲಿ ಮತ್ತೆ ಇದೇ ಊರಿನಲ್ಲಿ ಚಪ್ಪರ ಹಾಕಿದರು. ಮಹದಾಯಿಗೆ ಸೇರುವ ಕಳಸಾ, ಬಂಡೂರಿ ಹಳ್ಳಗಳ ನೀರನ್ನು ಮಲಪ್ರಭೆಗೆ ತಿರುಗಿಸಿ ಎಂದು ಆ ಧರಣಿ ವರ್ಷಗಟ್ಟಲೆ ನಡೆಯಿತು, ಹೆಂಗಸರೂ ಕೂತರು. 2018ರ ಆಗಸ್ಟಿನಲ್ಲಿ ನ್ಯಾಯಮಂಡಳಿಯ ತೀರ್ಪು ಬಂತು. ಪತ್ರಿಕೆಯಲ್ಲಿ ಈ ಸುದ್ದಿ ಓದಿ, ರಾಜಕೀಯ ಎಂದು ನಾವು ಪುಟ ತಿರುಗಿಸಿಬಿಡುತ್ತೇವೆ. ನನಗನಿಸುವುದು ಬೇರೆ. ಅವರು ಕೇಳಿದ್ದು ತಮ್ಮ ತಲೆಯ ಮೇಲೆ ಬರಬೇಕಿದ್ದ ಗಾಳಿ ದಾರಿಯಲ್ಲಿ ಚೆಲ್ಲಿದ ನೀರನ್ನೇ.

ಆ ನೀರು ತಾನಾಗಿ ಬಂದರೂ ಕಷ್ಟ ಎನ್ನುವುದು 2019ರ ಆಗಸ್ಟಿನಲ್ಲಿ ಗೊತ್ತಾಯಿತು. ಘಟ್ಟದ ಮೇಲೆ ಮಿತಿಮೀರಿ ಸುರಿದು, ಅಣೆಕಟ್ಟು ತುಂಬಿ, ನೀರು ಬಿಟ್ಟಾಗ ನರಗುಂದ ತಾಲ್ಲೂಕಿನ ಕೊಣ್ಣೂರು, ರೋಣ ತಾಲ್ಲೂಕಿನ ಹೊಳೆಆಲೂರು ಕಡೆಯ ಊರುಗಳಿಗೆ ಹೊಳೆ ನುಗ್ಗಿತು. ಎಲ್ಲೋ ಬಿದ್ದ ಮಳೆ ಇಲ್ಲಿಯ ಒಲೆ ಆರಿಸಿತು.

ರೋಣ ಪಟ್ಟಣದಲ್ಲಿ ಪ್ರವಾಸಿಗರಿಗೆ ಹೆಚ್ಚು ಕೆಲಸವಿಲ್ಲ. ದ್ರೋಣರ ಊರು, ದ್ರೋಣಪುರ, ಅದೇ ರೋಣವಾಯಿತು ಎಂದು ಹೇಳುತ್ತಾರೆ. ಹಳೆಯ ಗುಡಿಗಳಿವೆ, ನೋಡಿ ಮುಂದೆ ಹೊರಡಿ. ಆದರೆ ಗಜೇಂದ್ರಗಡದ ಹತ್ತಿರದ ಸೂಡಿಯನ್ನು ಮಾತ್ರ ತಪ್ಪಿಸಬೇಡಿ. ಇಂದು ಸಣ್ಣ ಹಳ್ಳಿ. ಹನ್ನೊಂದನೆಯ ಶತಮಾನದಲ್ಲಿ ಕಲ್ಯಾಣ ಚಾಲುಕ್ಯರ ಮನೆಯ ಮಗಳು ಅಕ್ಕಾದೇವಿ ಈ ಕಿಸುಕಾಡು ಸೀಮೆಯನ್ನು ಆಳಿದ್ದಳು. ಗೋಕಾಕದ ಕೋಟೆಗೆ ಮುತ್ತಿಗೆ ಹಾಕಿದ ಹೆಣ್ಣು ಆಕೆ, ಶಾಸನಗಳಲ್ಲಿ ಹೊಗಳಿಸಿಕೊಂಡವಳು. ಎರಡು ಶಿಖರದ ಜೋಡುಕಳಸದ ಗುಡಿ ಚೆಂದವೇ, ಆದರೂ ನನಗೆ ಹೆಚ್ಚು ಹಿಡಿಸಿದ್ದು ನಾಗಕುಂಡ. ನಾಲ್ಕೂ ಕಡೆ ಕೆತ್ತಿದ ಕಲ್ಲಿನ ಗೋಡೆ, ಒಳಗಿಳಿಯಲು ಮೆಟ್ಟಿಲು. ಮೇಲೆ ಗಾಳಿ ಎಷ್ಟೇ ಹಾರಾಡಲಿ, ಕುಂಡದೊಳಗೆ ನಾಲ್ಕು ಮೆಟ್ಟಿಲು ಇಳಿದರೆ ಸದ್ದಿಲ್ಲ. ಮೋಡ ನಿಲ್ಲದ ಸೀಮೆಯಲ್ಲಿ ಬಿದ್ದ ನೀರನ್ನು ಹೇಗೆ ಜೋಪಾನ ಮಾಡಬೇಕು ಎಂದು ಸಾವಿರ ವರ್ಷದ ಹಿಂದೆಯೇ ತಿಳಿದಿತ್ತು.

ಇನ್ನು ಗಜೇಂದ್ರಗಡ. ಬಯಲು ಇಲ್ಲಿ ಮುಗಿದು ಗುಡ್ಡದ ಸಾಲು ಏಳುತ್ತದೆ. ಆನೆಯ ಆಕಾರದ ಗುಡ್ಡ, ಅದಕ್ಕೇ ಈ ಹೆಸರು. ಮೇಲೆ ಮರಾಠರ ಕಾಲದ ಕೋಟೆ. 1787ರಲ್ಲಿ ಟಿಪ್ಪು ಸುಲ್ತಾನ, ಮರಾಠರು, ನಿಜಾಮರ ನಡುವಿನ ಯುದ್ಧ ಮುಗಿದು ಒಪ್ಪಂದವಾದದ್ದು ಈ ಊರಿನ ಹೆಸರಿನಲ್ಲಿ. ಊರಿನ ಓಣಿಗಳಲ್ಲಿ ಮಗ್ಗದ ಸದ್ದು ಕೇಳುತ್ತದೆ. ಪಟ್ಟೇದ ಅಂಚಿನ ಹತ್ತಿ ಸೀರೆ ಸಿಕ್ಕರೆ ಒಂದು ಕೊಳ್ಳಿ, ಒಗೆದಷ್ಟೂ ಮೆತ್ತಗಾಗುತ್ತದೆ.

ಕಾಲಕಾಲೇಶ್ವರನ ಗುಡಿ ಬೆಟ್ಟದ ಮಗ್ಗುಲಿಗಿದೆ. ಮೆಟ್ಟಿಲು ಹತ್ತುವಾಗ ಗಾಳಿ ಹಿಂದಿನಿಂದ ನೂಕುತ್ತದೆ, ಇಳಿಯುವಾಗ ಎದುರಿಗೆ ನಿಂತು ತಡೆಯುತ್ತದೆ. ಯುಗಾದಿಯ ಹಿಂದಿನ ರಾತ್ರಿ ಸುಣ್ಣ ಕಲಸಿಟ್ಟರೆ ಬೆಳಗಾಗುವುದರೊಳಗೆ ಗುಡಿಗೆ ತಾನೇ ಸುಣ್ಣ ಹತ್ತಿರುತ್ತದೆ ಎಂದು ಭಕ್ತರು ಹೇಳುತ್ತಾರೆ. ಅಲ್ಲಿಯೇ ಅಂತರಗಂಗೆ: ಮರದ ಬೇರಿನ ಬಳಿಯಿಂದ ವರ್ಷವಿಡೀ ನೀರು ಜಿನುಗಿ ಪುಟ್ಟ ಹೊಂಡಕ್ಕೆ ಬೀಳುತ್ತದೆ. ಕೆಳಗಿನ ಬಯಲಿನಲ್ಲಿ ಬಾವಿ ಒಣಗಿದಾಗಲೂ ಇಲ್ಲಿ ಹನಿ ನಿಲ್ಲದೆ ಇದ್ದರೆ, ಜನ ಕೈಮುಗಿಯದೆ ಏನು ಮಾಡಿಯಾರು?

ಬೆಟ್ಟದ ನೆತ್ತಿಯ ಮೇಲೆ ಈಗ ಹೊಸ ದೇವರುಗಳು ನಿಂತಿವೆ. ಬಿಳಿಯ ಗೋಪುರಗಳು, ಒಂದೊಂದಕ್ಕೆ ಮೂರು ರೆಕ್ಕೆ. ಗಾಳಿಯಿಂದ ಕರೆಂಟು ತೆಗೆಯುವ ಯಂತ್ರಗಳು ಇವು. ಗಾಳಿಯ ವೇಗ ಎರಡರಷ್ಟಾದರೆ ಅದರಿಂದ ಸಿಗುವ ಶಕ್ತಿ ಎಂಟರಷ್ಟು. ಅದಕ್ಕೇ ಈ ಗುಡ್ಡಗಳಿಗೆ ಇಷ್ಟು ಬೆಲೆ ಬಂದದ್ದು. ಗದಗ ಜಿಲ್ಲೆ ಇಂದು ಗಾಳಿ ವಿದ್ಯುತ್ತಿಗೆ ಹೆಸರಾದ ಜಿಲ್ಲೆ, ಅದರಲ್ಲೂ ಹೆಚ್ಚು ದುಡಿಮೆ ಮೇ ತಿಂಗಳಿಂದ ಸೆಪ್ಟೆಂಬರಿನವರೆಗೆ.

ಕೆಳಗೆ ಹೊಲದಲ್ಲಿ ಕಳೆ ತೆಗೆಯುತ್ತಿದ್ದವರಲ್ಲಿ ಒಬ್ಬಾಕೆ ಆ ರೆಕ್ಕೆಗಳ ಕಡೆ ಕುಡುಗೋಲು ತೋರಿಸಿ ಕೇಳಿದಳು: “ಯಕ್ಕಾ, ನೀವು ಓದಿದವರು, ಖರೇ ಹೇಳ್ರಿ. ಆ ಪಂಕಾ ತಿರಗಿ ತಿರಗಿ ನಮ್ಮ ಮ್ವಾಡಾ ಓಡಸತಾವಂತ, ಹೌದೇನ್ರಿ?” ಈ ಮಾತು ಆ ಸೀಮೆಯಲ್ಲಿ ಬಹಳ ಮಂದಿಯ ಬಾಯಲ್ಲಿದೆ. ಮಳೆ ಇಲ್ಲದ ವರ್ಷ ಕೋಪ ಗೋಪುರದ ಮೇಲೆ ತಿರುಗುತ್ತದೆ. ನಿಮ್ಮಲ್ಲಿ ಯಾರಿಗಾದರೂ ಇದೇ ಅನುಮಾನವಿದ್ದರೆ ಸರಳವಾಗಿ ಹೇಳುತ್ತೇನೆ. ಮನೆಯ ಪಂಕ ಕರೆಂಟು ತಿಂದು ಗಾಳಿ ಬೀಸುತ್ತದೆ. ಇದು ಗಾಳಿ ತಿಂದು ಕರೆಂಟು ಕೊಡುತ್ತದೆ. ಬೀಸುವ ಪಂಕ ಅಲ್ಲವೇ ಅಲ್ಲ. ಗೋಪುರ, ರೆಕ್ಕೆ ಸೇರಿ ನೂರೈವತ್ತು ಮೀಟರ್ ಎತ್ತರ ಇದ್ದೀತು. ಮೋಡದ ತಳ ಅದಕ್ಕಿಂತ ಎಷ್ಟೋ ಮೇಲೆ. ಈ ಗೋಪುರಗಳ ಹೆಸರೂ ಇಲ್ಲದಿದ್ದ 1876–78ರಲ್ಲಿ ಇದೇ ಧಾರವಾಡ ಸೀಮೆ ಭೀಕರ ಬರದಲ್ಲಿ ಬೆಂದಿತ್ತಲ್ಲ! ಮೋಡ ಓಡಿಸುವುದು ಪಂಕವಲ್ಲ, ಪಂಕವನ್ನು ತಿರುಗಿಸುವ ಗಾಳಿಯೇ.

ನಾನು ಹೀಗೆ ಹೇಳಿದಾಗ ಆಕೆ ತಲೆಯಾಡಿಸಿದಳು, ಪೂರ್ತಿ ನಂಬಿದಂತೆ ಕಾಣಲಿಲ್ಲ. ಅವಳ ಸಿಟ್ಟಿನಲ್ಲಿ ನ್ಯಾಯವಿಲ್ಲ ಅಂತಲೂ ನಾನು ಹೇಳಲಾರೆ. ಗೋಪುರ ನಿಂತ ಹೊಲದವರಿಗೆ ನಾಲ್ಕು ಕಾಸು ಸಿಕ್ಕಿತು, ಪಕ್ಕದ ಹೊಲದವರಿಗೆ ಸದ್ದು. ತಲೆತಲಾಂತರದಿಂದ ದೂಳು ತಿಂದು ಈ ಗಾಳಿಯನ್ನು ತಾಳಿಕೊಂಡವರು ಇವರು; ಗಾಳಿಗೆ ಬೆಲೆ ಬಂದ ದಿನ ಆ ತಂತಿಗಳು ಇವರ ತಲೆಯ ಮೇಲೇ ದೂರದ ಊರಿಗೆ ಹೋದವು. ಮೋಡಗಳು ಹೋದ ಹಾಗೆಯೇ.

ಸೆಪ್ಟೆಂಬರ್ ಬಂದಿತೆಂದರೆ ಗಾಳಿಯ ಸೊಂಟ ಮುರಿಯುತ್ತದೆ. ಹುಬ್ಬೆ, ಉತ್ತರೆ, ಹಸ್ತ, ಚಿತ್ತ, ಈ ಮಳೆಗಳ ಹೆಸರು ಹೇಳುವಾಗಲೇ ಅಲ್ಲಿಯವರ ಮುಖ ಅರಳುತ್ತದೆ. ಓಡುವ ಮೋಡಗಳ ಕಾಲ ಮುಗಿಯಿತು. ಈಗಿನದು ಸಂಜೆ ಗುಡುಗಿ, ನಿಂತು ಸುರಿಯುವ ಮಳೆ. ಇದು ಕೈಕೊಟ್ಟ ವರ್ಷ ಮನೆಗೆ ಬೀಗ ಹಾಕಿ, ಅಜ್ಜಿಯ ಹತ್ತಿರ ಮಕ್ಕಳನ್ನು ಬಿಟ್ಟು, ಗಂಡಹೆಂಡಿರು ಗೋವೆಗೋ ಮಂಗಳೂರಿಗೋ ದುಡಿಯಲು ಹೋಗುತ್ತಾರೆ. ‘ಗುಳೆ’ ಎನ್ನುತ್ತಾರೆ ಅದಕ್ಕೆ. ನೋಡಿ, ಮೋಡ ಖಾಲಿಯಾದ ಆ ಘಟ್ಟವನ್ನೇ ಇಳಿದು ಅವರು ಕೆಲಸ ಹುಡುಕಬೇಕು.

ಹಿಂಗಾರಿ ಕೈಹಿಡಿದರೆ ಮಾತ್ರ ಬಯಲಿನ ಚೆಂದ ನೋಡಬೇಕು. ಎರೆಮಣ್ಣು ಸ್ಪಂಜಿನಂತೆ ನೀರು ಹೀರಿಟ್ಟುಕೊಳ್ಳುತ್ತದೆ. ಅದರ ಮೇಲೇ ಮಾಲದಂಡಿ ಜೋಳ, ಕಡಲೆ, ಕುಸುಬಿ, ಗೋಧಿ ಬೆಳೆಯುತ್ತವೆ, ಮತ್ತೆ ಮಳೆ ಬೇಡ. ಬಿಳಿ ಜೋಳದ ಮೆತ್ತನೆಯ ರೊಟ್ಟಿ ತಿಂದು ಹೊಗಳುತ್ತೇವಲ್ಲ, ಅದು ಗಾಳಿ ನಿಂತ ಮೇಲಿನ ಬೆಳೆ. ಡಿಸೆಂಬರ್, ಜನವರಿಯಲ್ಲಿ ಹೋದರೆ ಹೊಲದಲ್ಲೇ ಸೀತನಿ ಸುಟ್ಟುಕೊಡುತ್ತಾರೆ, ಶೇಂಗಾ ಹಿಂಡಿ ಹಚ್ಚಿಕೊಂಡು ತಿನ್ನಬೇಕು. ಎಳ್ಳ ಅಮಾವಾಸ್ಯೆಗೆ ಬಂಡಿ ಕಟ್ಟಿ ಹೊಲಕ್ಕೆ ಹೋಗಿ ಚರಗ ಚೆಲ್ಲುತ್ತಾರೆ. ಯಾರಾದರೂ ಕರೆದರೆ ಇಲ್ಲವೆನ್ನಬೇಡಿ.

ಕುಸುಬಿ ಹಾಲಿನ ಹುಗ್ಗಿಯ ಕ್ರಮ ಅಲ್ಲಿಯ ಒಬ್ಬ ಅತ್ತೆಯವರಿಂದ ಕೇಳಿಕೊಂಡು ಬಂದೆ. ಒಂದು ಬಟ್ಟಲು ಕುಸುಬಿಯನ್ನು ರಾತ್ರಿ ನೆನೆಹಾಕಿ, ಬೆಳಿಗ್ಗೆ ನುಣ್ಣಗೆ ರುಬ್ಬಿ, ತೆಳು ಬಟ್ಟೆಯಲ್ಲಿ ಹಿಂಡಿ ಹಾಲು ತೆಗೆಯಿರಿ. ಕುಟ್ಟಿದ ಗೋಧಿಯನ್ನು ಮೆತ್ತಗೆ ಬೇಯಿಸಿ ಬೆಲ್ಲ ಹಾಕಿ, ಕರಗಿದ ಮೇಲೆ ಈ ಹಾಲನ್ನು ಸುರಿಯಿರಿ. ಉರಿ ಸಣ್ಣಗಿರಲಿ, ಕೈ ಬಿಡದೆ ತಿರುವುತ್ತಿರಿ, ಇಲ್ಲಾಂದ್ರೆ ಒಡೆದು ನೀರು ಬೇರೆ ಗಸಿ ಬೇರೆ ಆಗುತ್ತದೆ. ಕೊನೆಗೆ ಏಲಕ್ಕಿ, ಗಸಗಸೆ, ಒಣಕೊಬ್ಬರಿ.

ಒಂದು ತಮಾಷೆಯೆಂದರೆ, ಫೆಬ್ರುವರಿಯಲ್ಲಿ ರಾಶಿ ಮಾಡುವಾಗ ತೂರಲು ಗಾಳಿ ಬೇಕು, ಆಗ ಅದರ ಸುಳಿವಿಲ್ಲ. ಮೊರ ಎತ್ತಿ ಹಿಡಿದು ಗಾಳಿಗಾಗಿ ಕಾಯುತ್ತ ನಿಂತವರನ್ನು ಹಿಂದೆಲ್ಲ ಪ್ರತಿ ಕಣದಲ್ಲೂ ಕಾಣಬಹುದಿತ್ತು. ಈಗ ರಾಶಿಯ ಯಂತ್ರ ಬಂದು ಆ ಕಾಯುವುದು ಕಡಿಮೆಯಾಗಿದೆ.

ಚಳಿಗಾಲದ ನಿಶ್ಚಲ ರಾತ್ರಿಗಳಲ್ಲಿ ಕಡಲೆ ಹೊಲದ ಮೇಲೆ ದಟ್ಟ ಇಬ್ಬನಿ ಬೀಳುತ್ತದೆ. ಗಾಳಿ ಆಡಿದರೆ ಇಬ್ಬನಿ ಕೂರುವುದಿಲ್ಲ. ಸೂರ್ಯ ಮೂಡುವ ಮೊದಲು ಹೆಂಗಸರು ಒಗೆದ ಬಿಳಿ ಪಂಚೆಯನ್ನು ಗಿಡಗಳ ಮೇಲೆ ಎಳೆಯುತ್ತ ಹೋಗುತ್ತಾರೆ. ಕಡಲೆ ಎಲೆಯ ಹುಳಿ ಇಬ್ಬನಿಯೊಂದಿಗೆ ಬಟ್ಟೆಗೆ ಇಳಿಯುತ್ತದೆ. ಅದನ್ನು ಪಾತ್ರೆಗೆ ಹಿಂಡಿ, ಸೋಸಿ, ಬಾಟಲಿಗೆ ತುಂಬಿಡುತ್ತಾರೆ. ಹೊಟ್ಟೆನೋವಿಗೆ ನಾಲ್ಕು ಹನಿ ನೀರಿನಲ್ಲಿ ಹಾಕಿ ಕೊಡುವುದು ಅಲ್ಲಿಯ ಹಳೆಯ ರೂಢಿ. ಇದು ಅಂಗಡಿಯಲ್ಲಿ ಸಿಗುವುದಿಲ್ಲ. ಆ ಕಡೆ ಪರಿಚಯದವರಿದ್ದರೆ ಸಂಕ್ರಾಂತಿಗೆ ಮೊದಲೇ ಹೇಳಿಡಿ. ಹೋಗುವಾಗ ಗಾಜಿನ ಬಾಟಲಿಯನ್ನೇ ಒಯ್ಯಿರಿ, ಲೋಹದ ಪಾತ್ರೆಯನ್ನು ಅದು ತಿಂದುಬಿಡುತ್ತದೆ.